ಮೂಕಿ ಚಿತ್ರದಲ್ಲಿ ಕಾಣದ ರಕ್ತ

ಮಾನ್ಯ ಸಂಪಾದಕರೇ,

ಸ್ಪೇನಿನ ಗೂಳಿ ಕಾಳಗದ ಹಳೆಯ ಮೂಕಿ ಚಿತ್ರಗಳ ಬಗ್ಗೆ ಭಾನುವಾರದ ಪುರವಣಿಯಲ್ಲಿ ಬಂದ ಲೇಖನ ಓದಿದೆ. ಆ ಚಿತ್ರಗಳಲ್ಲಿ ರಕ್ತ ಕಾಣುವುದಿಲ್ಲ, ಎಲ್ಲ ಚಕಚಕನೆ ಮುಗಿದುಹೋಗುತ್ತದೆ, ಆದ್ದರಿಂದ ಆಗಿನ ಕಾಳಗ ಈಗಿನಷ್ಟು ಕ್ರೂರವಾಗಿರಲಿಲ್ಲ ಎಂದು ಲೇಖಕರು ಬರೆದಿದ್ದಾರೆ. ಬಹಳ ವರ್ಷ ಟಾಕೀಸಿನಲ್ಲಿ ಪ್ರೊಜೆಕ್ಟರ್ ಓಡಿಸಿದ ನನಗೆ ಇದನ್ನು ಒಪ್ಪಲು ಆಗುತ್ತಿಲ್ಲ.

ಆ ಕಾಲದ ಫಿಲ್ಮಿಗೆ ಕೆಂಪು ಬಣ್ಣ ಗೊತ್ತೇ ಆಗುತ್ತಿರಲಿಲ್ಲ. ಕೆಂಪಿದ್ದದ್ದೆಲ್ಲ ಕಪ್ಪಾಗಿ ಮೂಡುತ್ತಿತ್ತು. ಕಪ್ಪು ಗೂಳಿಯ ಹೆಗಲ ಮೇಲೆ ಹರಿದ ರಕ್ತ ಕಾಣುವುದಾದರೂ ಹೇಗೆ?

ವೇಗದ ಕಥೆಯೂ ಅಷ್ಟೇ. ಕ್ಯಾಮೆರಾದ ಹಿಡಿಯನ್ನು ಕೈಯಲ್ಲೇ ತಿರುಗಿಸುತ್ತಿದ್ದರು, ಸೆಕೆಂಡಿಗೆ ಸುಮಾರು 16 ಚಿತ್ರ. ಅದನ್ನೇ ಈಗ 24ರ ವೇಗದಲ್ಲಿ ಬಿಟ್ಟರೆ ಎಲ್ಲರೂ ಒಂದೂವರೆ ಪಟ್ಟು ಜೋರಾಗಿ ಓಡುತ್ತಾರೆ. ನೋಡುವವರಿಗೆ ನಗು ಬರುತ್ತದೆ. 1896ರಲ್ಲಿ ಫ್ರಾನ್ಸಿನ ಸಿನಿಮಾ ಕಂಪನಿ ಲೂಮಿಯೇರ್‌ನ ಕ್ಯಾಮೆರಾಮನ್ ಪ್ರೊಮಿಯೊ ಮ್ಯಾಡ್ರಿಡ್‌ಗೆ ಹೋಗಿ, ಕಾಳಗದ ಆಟಗಾರರು ಅಖಾಡಕ್ಕೆ ಬಂದಿಳಿಯುವುದನ್ನು ಸೆರೆಹಿಡಿದರು. ಅವರ ರೀಲು ಸುಮಾರು 17 ಮೀಟರ್, ಅಂದರೆ 50 ಸೆಕೆಂಡು. ಒಂದು ಗೂಳಿಯ ಕಾಳಗಕ್ಕೆ ಹತ್ತಿರ ಹತ್ತಿರ 20 ನಿಮಿಷ ಬೇಕು. ಅಷ್ಟು ಚಿಕ್ಕ ರೀಲಿನಲ್ಲಿ ಎಷ್ಟು ತಾನೇ ಹಿಡಿದೀತು?

ನನಗೆ ಜಾಸ್ತಿ ನೋವಾಗಿದ್ದು ಲೇಖನದಲ್ಲಿ ಕುದುರೆಗಳ ಮಾತೇ ಇಲ್ಲದ್ದಕ್ಕೆ. ಈಟಿ ಹಿಡಿದ ಪಿಕಡೋರ್ ಕುದುರೆಯ ಮೇಲೆ ಕೂತೇ ಗೂಳಿಯನ್ನು ಎದುರಿಸುತ್ತಾನೆ. ಈಗ ಆ ಕುದುರೆಗೆ ದಪ್ಪ ಮೆತ್ತೆಯ ಹೊದಿಕೆ ಇರುತ್ತದೆ. ಸ್ಪೇನಿನಲ್ಲಿ ಅದು ಕಡ್ಡಾಯವಾಗಿದ್ದು 1928ರಲ್ಲಿ. ಅದಕ್ಕೂ ಮೊದಲು ಕುದುರೆಯ ಬರಿಯ ಹೊಟ್ಟೆಗೇ ಕೊಂಬು ನಾಟುತ್ತಿತ್ತು. ಒಂದೇ ಮಧ್ಯಾಹ್ನ ಹಲವು ಕುದುರೆಗಳು ಕರುಳು ಹೊರಬಂದು ಸಾಯುತ್ತಿದ್ದವು. ಅವು ಬಹುಮಟ್ಟಿಗೆ ದುಡಿದು ಸವೆದ ಮುದಿ ಕುದುರೆಗಳು, ಪಾಪ. ಆಗಿನ ಕಾಳಗ ಸೌಮ್ಯವಾಗಿತ್ತು ಅನ್ನುವವರು ಇದಕ್ಕೇನು ಹೇಳುತ್ತಾರೆ?

ಹಾಗಂತ ಈ ಚಿತ್ರಗಳನ್ನು ಮುಚ್ಚಿಡಬೇಕು ಅಂತ ನಾನು ಹೇಳುತ್ತಿಲ್ಲ. ಹೊದಿಕೆಯಿಲ್ಲದ ಆ ಕುದುರೆಗಳು ಓಡಾಡಿದ್ದನ್ನು ನಾವು ಕಣ್ಣಾರೆ ನೋಡಬಹುದಾದದ್ದು ಇವುಗಳಲ್ಲಿ ಮಾತ್ರ ಅಲ್ವಾ? ತೋರಿಸುವವರು ಸರಿಯಾದ ವೇಗದಲ್ಲಿ ತೋರಿಸಲಿ. ಕೆಂಪು ಇಲ್ಲಿ ಕಪ್ಪಾಗಿದೆ ಎಂದು ಶುರುವಿನಲ್ಲೇ ಹೇಳಲಿ. ನಿಮ್ಮ ಪುರವಣಿಯಲ್ಲೂ ಈ ಎರಡು ವಿಷಯ ಸೇರಿಸಿ ಒಂದು ತಿದ್ದುಪಡಿ ಹಾಕಿ ಎಂದು ಕೇಳಿಕೊಳ್ಳುತ್ತೇನೆ.

– ನಿವೃತ್ತ ಪ್ರೊಜೆಕ್ಟರ್ ಆಪರೇಟರ್