ಮುಖಪರಿಚಯದ ಊರು

ಸಂಘದ ವಿಳಾಸಪಟ್ಟಿಯನ್ನು ಪರಿಷ್ಕರಿಸುವುದು ಸಂಪಾದಕರ ತಲೆಗೆ ಕಟ್ಟಿದ ಕೆಲಸ. ಊರು ಬಿಟ್ಟವರ ಹೆಸರು ತೆಗೆದು, ಬಂದವರ ಹೆಸರು ಸೇರಿಸುವಾಗ ಒಂದು ಸಂಗತಿ ಕಣ್ಣಿಗೆ ಬೀಳುತ್ತದೆ. ನಮ್ಮಲ್ಲಿ ಹಲವರು ಒಮ್ಮೆ ವಲಸೆ ಬಂದು ನೆಲೆ ನಿಂತವರಲ್ಲ, ಮೂರು ನಾಲ್ಕು ನಗರಗಳನ್ನು ದಾಟಿ ಬಂದವರು. ‘ನೀವು ಎಲ್ಲಿಯವರು?’ ಎಂದು ಕೇಳಿದರೆ ಅವರ ಉತ್ತರ ಪ್ರತಿ ವರ್ಗಾವಣೆಗೂ ಒಂದು ಊರಿನಷ್ಟು ಉದ್ದವಾಗುತ್ತದೆ.

ಮನೆ, ಬ್ಯಾಂಕ್ ಖಾತೆ, ಮಕ್ಕಳ ಶಾಲೆ ಇವೆಲ್ಲ ಓಡಾಡಿದರೆ ಆಗುವ ಕೆಲಸಗಳು. ಓಡಾಡಿದರೂ ಆಗದ ಕೆಲಸ ಬೇರೆಯೇ ಇದೆ. ಹಿಂದಿನ ಊರಿನಲ್ಲಿ ಬೆಳಗಿನ ಬಸ್ಸಿನ ಚಾಲಕ, ನಾವು ಏದುಸಿರು ಬಿಡುತ್ತಾ ಓಡಿಬರುವುದನ್ನು ಕನ್ನಡಿಯಲ್ಲಿ ನೋಡಿ ಅರೆಗಳಿಗೆ ಬಾಗಿಲು ತೆರೆದಿಡುತ್ತಿದ್ದ. ಅವನ ಹೆಸರು ನಮಗೆ ಗೊತ್ತಿಲ್ಲ, ನಮ್ಮದು ಅವನಿಗೆ ಗೊತ್ತಿಲ್ಲ. ಊರು ಬಿಟ್ಟ ಮೇಲೂ ಗೆಳೆಯರು ಫೋನಿನಲ್ಲಿ ಸಿಗುತ್ತಾರೆ. ಈ ಚಾಲಕ ಸಿಗುವುದಿಲ್ಲ. ಹೊಸ ಊರಿನ ಬಸ್ಸು ನಮ್ಮ ಮುಖದ ಮೇಲೆಯೇ ಬಾಗಿಲು ಹಾಕಿಕೊಂಡು ಹೊರಡುತ್ತದೆ.

ನಿಲ್ದಾಣದಲ್ಲಿ ದಿನವೂ ಎದುರಾಗಿಯೂ ಮಾತಾಡದ ಮುಖಗಳನ್ನು ಅಮೆರಿಕದ ಮನಶ್ಶಾಸ್ತ್ರಜ್ಞ ಸ್ಟ್ಯಾನ್ಲಿ ಮಿಲ್‌ಗ್ರಾಂ 1972ರಲ್ಲಿ ‘ಪರಿಚಿತ ಅಪರಿಚಿತರು’ ಎಂದು ಕರೆದರು. ಅಂಥವರು ದೂರದ ಬೇರೊಂದು ಜಾಗದಲ್ಲಿ ಸಿಕ್ಕರೆ ಮಾತಿಗಿಳಿಯುವುದು ಸುಲಭ ಎಂಬುದನ್ನೂ ಅವರು ಗಮನಿಸಿದ್ದರು. ಮರುವರ್ಷವೇ ಸಮಾಜಶಾಸ್ತ್ರಜ್ಞ ಮಾರ್ಕ್ ಗ್ರಾನೊವೆಟರ್, ಹೊಸ ಸುದ್ದಿ ಮತ್ತು ಕೆಲಸದ ಸುಳಿವುಗಳು ಆಪ್ತ ಬಳಗಕ್ಕಿಂತ ಹೆಚ್ಚಾಗಿ ತೆಳುವಾದ ಪರಿಚಯಗಳ ಮೂಲಕವೇ ಬರುತ್ತವೆ ಎಂದು ವಾದಿಸಿದರು. ನಾವಾದರೋ ಹೊಸ ಊರಿಗೆ ಬಂದ ಮೊದಲ ವಾರದಿಂದಲೇ ಆಪ್ತರನ್ನು ಹುಡುಕಲು ಹೊರಟು, ಸಿಗಲಿಲ್ಲವೆಂದು ಮುದುಡಿಕೊಳ್ಳುತ್ತೇವೆ.

ಹೊಸದಾಗಿ ಬಂದವರಿಗೆ ನನ್ನ ಸಲಹೆ ಸಪ್ಪೆ ಎನಿಸಬಹುದು: ಊರೆಲ್ಲ ಸುತ್ತಬೇಡಿ. ಅದೇ ಗ್ರಂಥಾಲಯಕ್ಕೆ, ಅದೇ ಉದ್ಯಾನಕ್ಕೆ, ಅದೇ ಹೊತ್ತಿಗೆ ಹೋಗಿ. ಆಗಾಗ ಮೊಬೈಲ್ ನಕ್ಷೆಯನ್ನು ಜೇಬಿನಲ್ಲಿಟ್ಟು ದಾರಿಹೋಕರನ್ನೇ ಕೇಳಿ.

ಹಳಬರಿಗೂ ಒಂದು ಮಾತು. ಹೊಸಬರು ಕಂಡೊಡನೆ ಯಾವ ಕಂಪನಿ, ಎಷ್ಟು ವರ್ಷ ಇರುತ್ತೀರಿ, ಮನೆ ಕೊಂಡಿರಾ ಎಂದು ಮುತ್ತಿಕೊಳ್ಳುತ್ತೇವೆ (ವೀಸಾ ಅಧಿಕಾರಿಗಳೇ ವಾಸಿ). ಹಿಂದಿನ ಊರಿನ ನಾಟಕಗಳಿಗೆಲ್ಲ ಬೆಳಕು ಸಂಯೋಜಿಸುತ್ತಿದ್ದವರು ಇಲ್ಲಿ ಬರೀ ಮೂರನೇ ಮಹಡಿಯ ಬಾಡಿಗೆದಾರರು. ಅವರ ಕೈಗೆ ಮೈಕಿನ ತಂತಿಯ ಒಂದು ತುದಿ ಕೊಟ್ಟು ನೋಡಿ. ‘ಅವತ್ತು ಮೈಕು ಸರಿಮಾಡಿದವರು ನೀವಲ್ಲವೇ?’ ಎಂದು ಮುಂದಿನ ಸಲ ಯಾರಾದರೂ ಕೇಳಿಯೇ ಕೇಳುತ್ತಾರೆ.

ಮುಂದಿನ ಕಾರ್ಯಕ್ರಮಕ್ಕೆ ಕುರ್ಚಿ ಜೋಡಿಸಲು ಜನ ಬೇಕಾಗಿದ್ದಾರೆ. ಹೊಸಬರು ದಯವಿಟ್ಟು ಅರ್ಧ ಗಂಟೆ ಮೊದಲೇ ಬನ್ನಿ.