ಪಟ್ಟಿಯಲ್ಲಿ ಬಿಟ್ಟುಹೋದ ದಾಲಿಯೊ

ಸಂಪಾದಕರಿಗೆ ನಮಸ್ಕಾರ.

ಕಳೆದ ವಾರದ ಸಿನಿಮಾ ಪುರವಣಿಯಲ್ಲಿ ಹಾಲಿವುಡ್‌ನ ಹಳೆಯ ಚಿತ್ರ ‘ಕಾಸಾಬ್ಲಾಂಕಾ’ ಬಗ್ಗೆ ಬಂದ ಬರಹ ಚೆನ್ನಾಗಿತ್ತು. ಬೋಗಾರ್ಟ್, ಬರ್ಗ್‌ಮನ್, ಪಿಯಾನೊ ನುಡಿಸುವ ಸ್ಯಾಮ್ ಎಲ್ಲರೂ ಇದ್ದರು. ಉಳಿದವರು ‘ಮತ್ತಿತರರು’. ಅದಕ್ಕೆ ನಿಮ್ಮ ಲೇಖಕರನ್ನು ಬೈದು ಪ್ರಯೋಜನವಿಲ್ಲ ಬಿಡಿ. ನಾನು ಹೇಳಹೊರಟಿರುವ ಫ್ರೆಂಚ್ ನಟ ಮಾರ್ಸೆಲ್ ದಾಲಿಯೊ ಅವರ ಹೆಸರು 1942ರ ಆ ಚಿತ್ರದ ಟೈಟಲ್ ಕಾರ್ಡಿನಲ್ಲೇ ಇಲ್ಲ.

ಪೊಲೀಸ್ ಅಧಿಕಾರಿ ರೆನೊ, ಇಲ್ಲಿ ಜೂಜು ನಡೀತಿದೆ ಅಂತ ಬೆಚ್ಚಿಬಿದ್ದವನ ಹಾಗೆ ನಟಿಸಿ ಕೆಫೆ ಮುಚ್ಚಿಸುತ್ತಾನಲ್ಲ, ಅದೇ ಹೊತ್ತಿಗೆ ಒಬ್ಬ ಬಂದು ರೆನೊ ಜೂಜಿನಲ್ಲಿ ಗೆದ್ದ ದುಡ್ಡನ್ನು ರೆನೊ ಕೈಗೇ ಕೊಡುತ್ತಾನೆ. ಬಲ್ಗೇರಿಯಾದ ಹುಡುಗನಿಗೆ 22ನೇ ನಂಬರ್ ಎರಡು ಸಲ ಬೀಳಿಸುವವನೂ ಅವನೇ. ರೂಲೆಟ್ ಅನ್ನುವ ಚಕ್ರದ ಜೂಜಿನ ಮೇಜು ನಡೆಸುವ ಎಮಿಲ್. ಕೆಫೆಯ ಧಣಿ ಕಣ್ಣಲ್ಲಿ ಹೇಳಿದ್ದು ಸಾಕು, ಕೆಲಸ ಆಗಿರುತ್ತದೆ. ಆ ಪಾತ್ರ ಮಾಡಿದವರೇ ದಾಲಿಯೊ.

ಅದಕ್ಕೆ ಬರೀ ಮೂರು ವರ್ಷದ ಹಿಂದೆ, 1939ರಲ್ಲಿ, ಇವರು ಫ್ರೆಂಚ್ ನಿರ್ದೇಶಕ ಜಾನ್ ರೆನ್ವಾರ ‘ದ ರೂಲ್ಸ್ ಆಫ್ ದ ಗೇಮ್’ ಚಿತ್ರದ ಜಮೀನ್ದಾರ. ಹಾಡುವ ಯಂತ್ರಗಳ ಹುಚ್ಚಿನವ. ಹೊಸದಾಗಿ ತಂದ ದೊಡ್ಡ ವಾದ್ಯಯಂತ್ರವನ್ನು ಅತಿಥಿಗಳಿಗೆ ತೋರಿಸುವಾಗ ಆ ಮುಖವನ್ನು ಗಮನಿಸಿ. ಹೆಮ್ಮೆಯೂ ಇದೆ, ನಾಚಿಕೆಯೂ ಇದೆ. ಮಾತೇ ಇಲ್ಲ. ನನಗಂತೂ ಇಡೀ ಚಿತ್ರದಲ್ಲಿ ಅದೇ ಜಾಸ್ತಿ ಇಷ್ಟ.

1940ರಲ್ಲಿ ಜರ್ಮನ್ನರು ಪ್ಯಾರಿಸ್‌ಗೆ ನುಗ್ಗುವ ಮೊದಲೇ ಯೆಹೂದಿ ದಾಲಿಯೊ ಊರು ಬಿಟ್ಟರು. ಹೆಂಡತಿ ಮ್ಯಾಡ್ಲೀನ್ ಲೆಬೊ ಜೊತೆ ಪೋರ್ಚುಗಲ್‌ನ ಲಿಸ್ಬನ್ ಸೇರಿ ಹಡಗು ಹತ್ತಿದರು. ಕೈಯಲ್ಲಿದ್ದ ಚಿಲಿ ದೇಶದ ವೀಸಾ ನಕಲಿ ಅಂತ ಗೊತ್ತಾಗಿ ಮೆಕ್ಸಿಕೊದಲ್ಲಿ ಸಿಕ್ಕಿಹಾಕಿಕೊಂಡರು. ಕೊನೆಗೆ ಕೆನಡಾದ ತಾತ್ಕಾಲಿಕ ಪಾಸ್‌ಪೋರ್ಟ್ ಸಿಕ್ಕಿ ಹಾಲಿವುಡ್ ಸೇರಿದರು. ಇತ್ತ ಪ್ಯಾರಿಸ್‌ನಲ್ಲಿ ನಾಜಿಗಳು, ಯೆಹೂದಿ ಅಂದ್ರೆ ಹೀಗಿರ್ತಾನೆ ಅಂತ ಅವರದೇ ಫೋಟೊ ಹಾಕಿ ಪೋಸ್ಟರ್ ಅಂಟಿಸಿದರು. ಹೆತ್ತವರು ನಾಜಿ ಶಿಬಿರಗಳಲ್ಲಿ ತೀರಿಕೊಂಡರು.

‘ಕಾಸಾಬ್ಲಾಂಕಾ’ದಲ್ಲಿ ಎಲ್ಲರೂ ಒದ್ದಾಡುವುದು ನಾಜಿಗಳಿಂದ ತಪ್ಪಿಸಿಕೊಂಡು ಲಿಸ್ಬನ್‌ಗೆ ಹೋಗುವ ಕಾಗದಪತ್ರಕ್ಕೆ. ಆ ದಾರಿಯನ್ನು ನಿಜವಾಗಿ ದಾಟಿ ಬಂದವರು ಸುಮ್ನೆ ರೂಲೆಟ್ ಹತ್ತಿರ ನಿಂತಿದ್ದಾರೆ! ಫ್ರಾನ್ಸಿನ ರಾಷ್ಟ್ರಗೀತೆ ಹಾಡುತ್ತಾ ಕಣ್ಣೀರಿಡುವ ಇವಾನ್ ಇದ್ದಾಳಲ್ಲ, ಅದೇ ಮ್ಯಾಡ್ಲೀನ್ ಲೆಬೊ. ಅಷ್ಟರಲ್ಲಿ ಇವರ ಸಂಸಾರ ಮುರಿದುಬೀಳುತ್ತಿತ್ತು.

ಆಮೇಲೆ ಹಾಲಿವುಡ್‌ಗೆ ಫ್ರೆಂಚ್ ಮುಖ ಬೇಕಾದಾಗಲೆಲ್ಲ ಇವರಿಗೆ ಕರೆ. ಒಂದರಲ್ಲಿ ಹೋಟೆಲ್ ಮಾಲೀಕ, ಮರ್ಲಿನ್ ಮನ್ರೊ ಇರುವ ಇನ್ನೊಂದರಲ್ಲಿ ಮ್ಯಾಜಿಸ್ಟ್ರೇಟ್. 1955ರಲ್ಲಿ ‘ಕಾಸಾಬ್ಲಾಂಕಾ’ ಟೀವಿ ಧಾರಾವಾಹಿಯಾದಾಗ ರೆನೊ ಪಾತ್ರ ಇವರಿಗೇ ಬಂತು. ದುಡ್ಡು ತಂದುಕೊಟ್ಟವರು ಅಧಿಕಾರಿಯಾಗಿಬಿಟ್ಟರು! 1973ರಲ್ಲಿ, ಎಪ್ಪತ್ತು ದಾಟಿದ ಮೇಲೆ, ಫ್ರಾನ್ಸಿನ ಜನ ಹೊಟ್ಟೆ ಹಿಡಿದು ನಕ್ಕ ‘ರಬ್ಬಿ ಜೇಕಬ್’ ಚಿತ್ರದಲ್ಲಿ ರಬ್ಬಿ, ಅಂದರೆ ಯೆಹೂದಿ ಧರ್ಮಗುರು, ಇವರೇ. ಯಾವ ಮುಖವನ್ನು ಗೇಲಿಗೆ ಗೋಡೆಗೆ ಅಂಟಿಸಿದ್ದರೋ ಅದೇ ಮುಖ. 1983ರಲ್ಲಿ ಪ್ಯಾರಿಸ್‌ನಲ್ಲಿ ತೀರಿಕೊಂಡರು.

ಪುರವಣಿಯಲ್ಲಿ ಇಂಥ ಪೋಷಕ ನಟರಿಗೆ ವಾರಕ್ಕೆ ಅರ್ಧ ಕಾಲಂ ಕೊಡಲು ಆಗುತ್ತದಾ ನೋಡಿ. ಫೋಟೊ ಹಾಕಿದರೆ ಕೆಳಗೆ ಹೆಸರನ್ನೂ ಹಾಕಿ.

ಇತಿ,
ನಿಮ್ಮ ಓದುಗ, ಮೈಸೂರು