ವಾಲಿಗೂ ಮಾತು ಕೊಡು

ಪ್ರೀತಿಯ ಪುಟ್ಟಿಗೆ,

ಭಾನುವಾರ ಫೋನಿನಲ್ಲಿ ನೀನು ನಗುತ್ತಲೇ ಹೇಳಿದ್ದು ಇನ್ನೂ ನನ್ನ ತಲೆಯಿಂದ ಹೋಗಿಲ್ಲ. ಕಚೇರಿಯ ಮೇಲಧಿಕಾರಿಯೊಡನೆ ದಿನಾ ಬೆಳಿಗ್ಗೆ ಬಚ್ಚಲುಮನೆಯಲ್ಲಿ ಜಗಳವಾಡುತ್ತೀಯಂತೆ, ಒಬ್ಬಳೇ. "ನನಗೆ ಹುಚ್ಚು ಹಿಡಿದಿದೆಯಾ ಅಮ್ಮ?" ಎಂದು ಕೇಳಿದೆ. ಹುಚ್ಚೇ ಆದರೆ ಅದು ನಾನು ಕೊಟ್ಟ ಬಳುವಳಿ. ನಿನಗೆ ಐದು ವರ್ಷವಿದ್ದಾಗ ನಾನು ತುರಿಮಣೆಯ ಮೇಲೆ ಕುಳಿತು ಕಾಯಿ ತುರಿಯುತ್ತಿದ್ದೆ. ನೀನು ಬಾಗಿಲಲ್ಲಿ ನಿಂತು, "ಅಮ್ಮ, ಕಾಯಿಗೆ ಯಾಕೆ ಬೈಯುತ್ತಿದ್ದೀ?" ಎಂದೆ. ಕಾಯಿಗಲ್ಲ, ನಿನ್ನ ಚಿಕ್ಕಮ್ಮನಿಗೆ ಎಂದು ಹೇಳಲು ಬಾಯಿ ಬರಲಿಲ್ಲ. ಸಿಟ್ಟಿನ ಭರಕ್ಕೆ ಕರಟದ ತನಕ ತುರಿದು ಅಂದಿನ ಚಟ್ನಿಯೆಲ್ಲ ಕಂದಾಗಿತ್ತು.

ನಿನ್ನ ಅಜ್ಜಿ, ನನ್ನ ಅಮ್ಮ, ಹಾಸಿಗೆ ಹಿಡಿದಾಗ ತಂಗಿ ನೋಡಲು ಬರಲಿಲ್ಲ ಎಂಬುದು ನನ್ನ ದೂರು. ಆ ಮೊಕದ್ದಮೆಯನ್ನು ನಾನು ಹನ್ನೊಂದು ವರ್ಷ ಒಲೆಯ ಮುಂದೆ ನಡೆಸಿದೆ. ವಕೀಲಳೂ ನಾನೇ, ನ್ಯಾಯಾಧೀಶಳೂ ನಾನೇ. ತಂಗಿಗೆ ನಾನು ಕೊಟ್ಟಿದ್ದು ಒಂದೇ ಸಾಲು: "ತಪ್ಪಾಯಿತು ಅಕ್ಕಾ." ಕೊನೆಗೊಂದು ಮದುವೆಮನೆಯಲ್ಲಿ ಬಾಳೆಲೆ ಒರೆಸುತ್ತಾ ಕುಳಿತಿದ್ದಾಗ ಅವಳೇ ಮಾತು ತೆಗೆದಳು. "ಆಗ ನನ್ನ ಹತ್ತಿರ ಬಸ್ಸಿಗೂ ದುಡ್ಡಿರಲಿಲ್ಲ. ನಿನ್ನ ಹತ್ತಿರ ಕೇಳಲು ನಾಚಿಕೆಯಾಯಿತು" ಎಂದಳು. ಅಷ್ಟು ವರ್ಷಗಳ ವಾದದಲ್ಲಿ ಈ ಮಾತು ನನಗೆ ಒಮ್ಮೆಯೂ ಹೊಳೆದಿರಲಿಲ್ಲ ನೋಡು.

ನಿನ್ನ ಅಜ್ಜ, ನನ್ನ ಮಾವ, ಹೀಗಿರಲಿಲ್ಲ. ಮಳೆಗಾಲದಲ್ಲಿ ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚಿದ ಮೇಲೆ ನಮ್ಮ ಕಡೆ ತಾಳಮದ್ದಳೆಯದೇ ಕಾಲವಲ್ಲವೇ? ಅವರು ಹೆಚ್ಚಾಗಿ ರಾಮನ ಅರ್ಥ ಹೇಳುತ್ತಿದ್ದರು, ಎಂದರೆ ರಾಮನಾಗಿ ಮಾತಾಡುತ್ತಿದ್ದರು. ನೀನು ಅಂಥ ಕೂಟದಲ್ಲಿ ನನ್ನ ಮಡಿಲಲ್ಲಿ ನಿದ್ದೆ ಹೋದದ್ದೇ ಜಾಸ್ತಿ, ಆದ್ದರಿಂದ ಹೇಳುತ್ತೇನೆ. ವೇಷವಿಲ್ಲ, ಕುಣಿತವಿಲ್ಲ. ಪಂಚೆಯುಟ್ಟು ಶಾಲು ಹೊದ್ದವರು ಎದುರುಬದುರು ಕುಳಿತಿರುತ್ತಾರೆ. ಭಾಗವತರು ಪದ್ಯ ಹಾಡುತ್ತಾರೆ. ಆಮೇಲೆ ಆ ನಾಲ್ಕು ಸಾಲು ಅರ್ಧ ಗಂಟೆಯ ಮಾತಾಗಿ ಬೆಳೆಯುತ್ತದೆ. ಆ ಮಾತು ಎಲ್ಲೂ ಬರೆದಿಟ್ಟದ್ದಲ್ಲ. ಎದುರು ಅರ್ಥಧಾರಿ ಏನು ಕೇಳುತ್ತಾನೋ ಗೊತ್ತಿಲ್ಲ. ಕೇಳಿದ್ದಕ್ಕೆ ಅಲ್ಲೇ ಉತ್ತರ ಕೊಡಬೇಕು.

ರಾಮ ಮರೆಯಿಂದ ಬಾಣ ಬಿಟ್ಟು ವಾಲಿಯನ್ನು ಕೊಲ್ಲುವ ವಾಲಿಮೋಕ್ಷ ಪ್ರಸಂಗ ನಿಗದಿಯಾದರೆ ಒಂದು ವಾರ ಮೊದಲೇ ಅಜ್ಜ ಅಡಿಕೆ ಸುಲಿಯುತ್ತಾ ಗುನುಗಲು ಶುರು. ಕಿವಿಗೊಟ್ಟು ಕೇಳಿದರೆ ಅದು ರಾಮನ ಮಾತಾಗಿರುತ್ತಿರಲಿಲ್ಲ. "ನಾನು ಕಾದುತ್ತಿದ್ದದ್ದು ಸುಗ್ರೀವನೊಡನೆ, ನಿನ್ನೊಡನಲ್ಲ. ನನ್ನ ಮಾಂಸ ನಿನಗೆ ತಿನ್ನಲು ಬಾರದು, ತೊಗಲು ಉಡಲು ಬಾರದು. ಸೀತೆಗಾಗಿಯೇ ಆದರೆ ನನಗೊಂದು ಮಾತು ಹೇಳಬಾರದಿತ್ತೇ? ರಾವಣನ ಕೊರಳಿಗೆ ಹಗ್ಗ ಹಾಕಿ ಒಂದೇ ದಿನದಲ್ಲಿ ಎಳೆದು ತರುತ್ತಿದ್ದೆ." ಇದೆಲ್ಲ ಬಾಣ ತಿಂದು ಬಿದ್ದ ವಾಲಿಯ ಮಾತು, ವಾಲ್ಮೀಕಿಯಲ್ಲೇ ಇದೆ. "ನೀವು ರಾಮನಲ್ಲವೇ ಮಾವ?" ಎಂದು ನಾನೊಮ್ಮೆ ಕೇಳಿದ್ದಕ್ಕೆ, "ರಾಮನ ಮಾತು ಹೇಗೂ ಬರುತ್ತದೆ. ಇವನ ಮಾತು ನನಗೆ ನೋಯುವಷ್ಟು ಗಟ್ಟಿಯಾಗದೆ ನನ್ನ ಉತ್ತರಕ್ಕೆ ಬೆಲೆಯೇನು?" ಎಂದರು. ಹೆಸರಾಂತ ಅರ್ಥಧಾರಿ ಶೇಣಿ ಗೋಪಾಲಕೃಷ್ಣ ಭಟ್ಟರ ವಾಲಿ ಎಂದರೆ ಅವರಿಗೆ ಪ್ರಾಣ. ಕ್ಯಾಸೆಟ್ ಹಾಕಿ, ರಾಮ ಸಿಕ್ಕಿಬೀಳುವ ಜಾಗ ಬಂದಾಗ ತೊಡೆ ತಟ್ಟುತ್ತಿದ್ದರು, ತಾವೇ ರಾಮನ ಕಡೆಯವರು ಎಂಬುದನ್ನು ಮರೆತು!

ನಿನ್ನ ಬಚ್ಚಲುಮನೆಯ ಪ್ರಸಂಗದಲ್ಲಿ ವಾಲಿ ಬಾಣ ನಾಟಿದೊಡನೆ ತುಟಿಪಿಟಕ್ಕೆನ್ನದೆ ಸಾಯುತ್ತಾನೆ, ಅಷ್ಟೇ ನನ್ನ ತಕರಾರು.

ಈಗ ಹಗಲು ಹೊತ್ತು ಬಿಡುವಿದೆಯಲ್ಲ, ಲೈಬ್ರರಿಯಿಂದ ಶೂನ್ಯಸಂಪಾದನೆ ತಂದಿದ್ದೇನೆ. ನಿಧಾನವಾಗಿ ಓದಬೇಕು, ಕೆಲವೆಡೆ ನನಗೆ ಏನೂ ತಿಳಿಯುವುದಿಲ್ಲ. ಆದರೆ ಅದರ ಕಟ್ಟೋಣವೇ ಸೋಜಿಗ. ಶರಣರು ಬದುಕಿದ್ದು 12ನೆಯ ಶತಮಾನದಲ್ಲಿ. ಅವರ ಬಿಡಿ ವಚನಗಳನ್ನು ಆರಿಸಿ, ಒಂದರ ಮುಂದೊಂದಿಟ್ಟು, ಪ್ರಶ್ನೆ ಉತ್ತರವಾಗುವಂತೆ ಶಿವಗಣಪ್ರಸಾದಿ ಮಹಾದೇವಯ್ಯ ಹೆಣೆದದ್ದು 15ನೆಯ ಶತಮಾನದಲ್ಲಿ. ಅವನ ಬಳಿಕ ಇನ್ನೂ ಮೂವರು ಅದನ್ನೇ ಮತ್ತೆ ಬೆಳೆಸಿದರು. ಅಲ್ಲಿ ಅಲ್ಲಮ ಅಕ್ಕಮಹಾದೇವಿಯನ್ನು ಸುಮ್ಮನೆ ಬಿಡುವುದಿಲ್ಲ. ಸೀರೆಯ ಹಂಗು ತೊರೆದವಳು ಕೂದಲಿನಿಂದ ಮೈಯನ್ನೇಕೆ ಮರೆಮಾಡಿಕೊಂಡೆ ಎಂದು ಇರಿಯುತ್ತಾನೆ. ಹಣ್ಣು ಒಳಗೆ ಪಕ್ವವಾಗದೆ ಹೊರಗಿನ ಸಿಪ್ಪೆ ಬಣ್ಣಗೆಡುವುದಿಲ್ಲ, ನಿಮಗೆ ನೋವಾದೀತೆಂದು ಮುಚ್ಚಿಕೊಂಡೆ ಎಂದು ಅವಳು ಹೇಳುತ್ತಾಳೆ. ಈ ಪುಟ ಓದಿ ನಾನು ಕನ್ನಡಕ ತೆಗೆದಿಟ್ಟು ಸ್ವಲ್ಪ ಹೊತ್ತು ಮಳೆ ನೋಡಿದೆ. ಜೋಡಿಸಿದವನು ಅಲ್ಲಮನನ್ನು ಗೌರವಿಸುವವನೇ, ಗ್ರಂಥದ ನಾಯಕನೇ ಅಲ್ಲಮ. ಆದರೂ ಅಕ್ಕನ ಬಾಯಿ ಕಟ್ಟಲಿಲ್ಲ.

ಕನಕದಾಸರ ರಾಮಧಾನ್ಯಚರಿತೆಯಲ್ಲಂತೂ ರಾಗಿಯೂ ಅಕ್ಕಿಯೂ ಜಗಳವಾಡುತ್ತವೆ. ರಾಮ ಕೂಡಲೇ ತೀರ್ಪು ಕೊಡದೆ ಎರಡನ್ನೂ ಆರು ತಿಂಗಳು ಸೆರೆಯಲ್ಲಿಡುತ್ತಾನೆ. ಅನ್ನವಿಲ್ಲದೆ ತುತ್ತೆತ್ತದ ನಿನಗೆ ಆಮೇಲಿನ ತೀರ್ಪು ಹೇಳುವುದಿಲ್ಲ.

ನಾಳೆ ಬೆಳಿಗ್ಗೆ ಒಂದು ಸಲ ಆ ಮೇಲಧಿಕಾರಿಯ ಅರ್ಥ ಹೇಳಿ ನೋಡು. ಅವಳ ಕುರ್ಚಿಯಲ್ಲಿ ಕುಳಿತು, ಅವಳ ಮೇಲಿನವನ ಫೋನು ಬಂದ ಮೇಲೆ. ಆಮೇಲೂ ನೀನೇ ಸರಿ ಎನಿಸಿದರೆ ಬಚ್ಚಲು ಬಿಟ್ಟು ಅವಳ ಕೋಣೆಗೇ ಹೋಗು.

ಮುಂದಿನ ಶನಿವಾರ ದೇವಸ್ಥಾನದ ಚಾವಡಿಯಲ್ಲಿ ವಾಲಿಮೋಕ್ಷವಿದೆ. ಶುಕ್ರವಾರ ರಾತ್ರಿಯ ಬಸ್ಸು ಹಿಡಿದರೆ ಬೆಳಗಾಗುವಾಗ ಮನೆಯಲ್ಲಿರುತ್ತೀ. "ರಜೆ ಸಿಗುವುದಿಲ್ಲ ಅಮ್ಮ" ಎಂದು ನಿನ್ನ ಪರವಾಗಿ ನಾನೇ ಹೇಳಿ, ನಾನೇ ಸಿಟ್ಟಾಗಿ, ನಾನೇ ಸಮಾಧಾನವನ್ನೂ ಮಾಡಿಕೊಂಡಿದ್ದೇನೆ. ನಿನ್ನ ಬಾಯಲ್ಲಿ ಇನ್ನೂ ಕೇಳಿಲ್ಲವಾದ್ದರಿಂದ ಪತ್ರೊಡೆಗೆ ಬೇಕಾದ ಕೆಸುವಿನ ಎಲೆಯನ್ನು ಕೊಯ್ಯದೆ ಬಿಟ್ಟಿದ್ದೇನೆ.

ಇಂತು,
ಅಮ್ಮ